ಮಿನೋಸ್, ಮನು, ಮಿನೂ

ಕರ್ನಾಟಕದ ರಾಜ್ಯಪ್ರಾಣಿ ಆನೆ, ರಾಜ್ಯಪಕ್ಷಿ ನೀಲಕಂಠ ಎಂಬುದು ಹೊರನಾಡಿನಲ್ಲಿರುವ ನಮ್ಮ ಮಕ್ಕಳಿಗೂ ಗೊತ್ತು. ರಾಜ್ಯದ ಚಿಟ್ಟೆ ಯಾವುದೆಂದು ಕೇಳಿದರೆ ಹಿರಿಯರೂ ತಡವರಿಸುತ್ತಾರೆ. ರಾಜ್ಯಕ್ಕೊಂದು ಚಿಟ್ಟೆ ಎಂಬ ಪದ್ಧತಿಯೇ ಹೊಸದು. 2015ರಲ್ಲಿ ಮಹಾರಾಷ್ಟ್ರ ಇದಕ್ಕೆ ನಾಂದಿ ಹಾಡಿತು. ಅನಂತರ ಕರ್ನಾಟಕವೂ ಒಂದನ್ನು ಆರಿಸಿಕೊಂಡಿತು. ಅದೇ ಸಹ್ಯಾದ್ರಿಯ ಬರ್ಡ್‌ವಿಂಗ್. ಕಪ್ಪು ಮುಂರೆಕ್ಕೆ, ಅರಿಶಿನ ಬಳಿದಂತಹ ಹಿಂರೆಕ್ಕೆ, ಎದೆಯ ಬಳಿ ಕೆಂಪು. ನಮ್ಮ ಬಾವುಟದ ಎರಡು ಬಣ್ಣಗಳೂ ಅದರ ಮೈಮೇಲಿವೆ. ರೆಕ್ಕೆ ಹರಡಿದರೆ 14ರಿಂದ 19 ಸೆಂಟಿಮೀಟರು. ಹಾರುವಾಗ ಸಣ್ಣ ಹಕ್ಕಿಯೆಂದೇ ಭ್ರಮೆಯಾಗುತ್ತದೆ. ಇದರ ಮರಿಹುಳು ತಿನ್ನುವುದು ಈಶ್ವರಿ ಬಳ್ಳಿಯ ಜಾತಿಯ ಎಲೆಗಳನ್ನು. ಆ ಬಳ್ಳಿಯ ವಿಷ ಮೈಗೂಡಿರುವುದರಿಂದ ಹಕ್ಕಿಗಳು ಇದರ ತಂಟೆಗೆ ಹೋಗುವುದು ಕಡಿಮೆ.

ದಕ್ಷಿಣ ಭಾರತ ಬಿಟ್ಟರೆ ಬೇರೆಲ್ಲೂ ಇಲ್ಲದ ಈ ಚಿಟ್ಟೆಗೆ ಶಾಸ್ತ್ರಜ್ಞರು ಇಟ್ಟಿರುವ ಹೆಸರು 'ಟ್ರಾಯ್ಡೀಸ್ ಮಿನೋಸ್'. ಮೊದಲ ಪದ ಟ್ರಾಯ್ ನಗರದ್ದು, ಎರಡನೆಯದು ಕ್ರೀಟ್ ದ್ವೀಪದ ಪುರಾಣಪ್ರಸಿದ್ಧ ಅರಸನದು. ಆಗುಂಬೆಯ ಕಾಡಿಗೂ ಗ್ರೀಕರ ಪುರಾಣಕ್ಕೂ ಎತ್ತಣಿಂದೆತ್ತ ಸಂಬಂಧ?

ಇದರ ಮೂಲಪುರುಷ ಸ್ವೀಡನ್ನಿನ ಲಿನೇಯಸ್. 1758ರಲ್ಲಿ ಜೀವಿಗಳಿಗೆಲ್ಲ ಜೋಡಿ ಹೆಸರಿಡಲು ಹೊರಟಾಗ ದೊಡ್ಡ ಚಿಟ್ಟೆಗಳನ್ನು ಆತ ಕುದುರೆ ಸವಾರರಾದ ವೀರರೆಂದು ಕರೆದು ಎರಡು ಪಾಳೆಯ ಮಾಡಿದ. ಎದೆಯ ಮೇಲೆ ರಕ್ತದ ಕಲೆಯಂತಹ ಕೆಂಪು ಚುಕ್ಕೆಯಿದ್ದರೆ ಟ್ರಾಯ್ ಪಕ್ಷ, ಇಲ್ಲದಿದ್ದರೆ ಗ್ರೀಕರ ಪಕ್ಷ. ಸೋತ ಪಕ್ಷದವರಿಗೆ ಗಾಯ ಬೇಕಲ್ಲವೆ! ನಮ್ಮ ತೋಟಗಳಲ್ಲಿ ಹಾರಾಡುವ, ಕೆಂಪು ಮೈಯ ಕಪ್ಪು ಚಿಟ್ಟೆಗೆ ಹೆಕ್ಟರ್ ಎಂಬ ಹೆಸರು ಬಂದದ್ದು ಹೀಗೆ. ಲಿನೇಯಸ್ ಹಾಕಿದ ಮೇಲ್ಪಂಕ್ತಿಯನ್ನು ಮುಂದಿನವರು ಬಿಡಲಿಲ್ಲ. ಆಮ್‌ಸ್ಟರ್‌ಡ್ಯಾಮಿನ ವರ್ತಕ ಪೀಟರ್ ಕ್ರಾಮರ್ ದೂರದೇಶದ ಚಿಟ್ಟೆಗಳ ಬಣ್ಣದ ಚಿತ್ರಗಳಿದ್ದ ದೊಡ್ಡ ಗ್ರಂಥವನ್ನು 1775ರಿಂದ ಹೊರತರತೊಡಗಿದ. ಮರುವರ್ಷವೇ ತೀರಿಕೊಂಡ, ಉಳಿದ ಭಾಗವನ್ನು ಕ್ಯಾಸ್ಪರ್ ಸ್ಟೋಲ್ ಪೂರ್ತಿಮಾಡಿದ. 'ಮಿನೋಸ್' ಎಂಬ ಹೆಸರು ಅಚ್ಚಾದದ್ದು 1779ರಲ್ಲಿ. ಮಹಾರಾಷ್ಟ್ರ ಆರಿಸಿಕೊಂಡ ನೀಲಿ ಚಿಟ್ಟೆಗೆ 'ಪಾಲಿಮ್ನೆಸ್ಟರ್' ಎಂದು ನಾಮಕರಣ ಮಾಡಿದವನೂ ಕ್ರಾಮರನೇ. ಪಾಲಿಮ್ನೆಸ್ಟರ್ ಎಂದರೆ, ನಂಬಿ ಒಪ್ಪಿಸಿದ್ದ ಟ್ರಾಯ್ ರಾಜಕುಮಾರನನ್ನು ಚಿನ್ನದಾಸೆಗೆ ಕೊಂದ ದ್ರೋಹಿ. ಚೆಲುವಾದ ಚಿಟ್ಟೆಗೆ ಎಂಥ ಹೆಸರು! ನಮ್ಮ ಪಾಲಿಗೆ ಬಂದ ಮಿನೋಸನಾದರೂ ಶಾಸನಕರ್ತ. ದೇವರಾಜ ಜ್ಯೂಸನ ಮಗನಾದ ಅವನು ತಂದೆಯಿಂದಲೇ ಧರ್ಮಶಾಸನಗಳನ್ನು ಪಡೆದು ಕ್ರೀಟನ್ನು ಆಳಿದ, ಸತ್ತ ಮೇಲೆ ಪಾತಾಳದಲ್ಲಿ ಸತ್ತವರ ನ್ಯಾಯಾಧೀಶನಾದ ಎಂದು ಗ್ರೀಕರ ಕಥೆ.

ಈ ಕಥೆ ಕೇಳಿದೊಡನೆ ನಮ್ಮಲ್ಲಿ ಯಾರಿಗಾದರೂ ಮನುವಿನ ನೆನಪಾಗುತ್ತದೆ. ಮನುವೂ ಧರ್ಮಶಾಸ್ತ್ರ ಕೊಟ್ಟವನು. ವೈವಸ್ವತ ಮನುವಿನ ಸೋದರನೇ ಯಮ. ಹೆಸರುಗಳ ಉಚ್ಚಾರವೂ ಹತ್ತಿರ ಹತ್ತಿರ. ಈ ಹೋಲಿಕೆಗೆ ಮರುಳಾದವರಲ್ಲಿ ಸಾಮಾನ್ಯರಷ್ಟೇ ಇರಲಿಲ್ಲ. ಸಂಸ್ಕೃತ, ಗ್ರೀಕ್, ಲ್ಯಾಟಿನ್ ಒಂದೇ ಮೂಲದಿಂದ ಬಂದಿರಬೇಕೆಂದು 1786ರಲ್ಲಿ ಕಲ್ಕತ್ತೆಯಲ್ಲಿ ಸಾರಿದ ಸರ್ ವಿಲಿಯಂ ಜೋನ್ಸ್ 1794ರಲ್ಲಿ ಮನುಸ್ಮೃತಿಯ ಇಂಗ್ಲಿಷ್ ಅನುವಾದವನ್ನು ಪ್ರಕಟಿಸಿದರು. ಅದರ ಮುನ್ನುಡಿಯಲ್ಲಿ ಅವರೇ ಮನುವನ್ನೂ ಮಿನೋಸನನ್ನೂ ಈಜಿಪ್ಟಿನ ಮೆನೆಸನನ್ನೂ ಒಟ್ಟಿಗೆ ನಿಲ್ಲಿಸಿ, ಇವರು ಒಬ್ಬನೇ ಇರಬಹುದೇ ಎಂದು ತರ್ಕಿಸಿದರು. ಅಂದಿನಿಂದ ಇಂದಿನವರೆಗೂ ಭಾಷಣಗಳಲ್ಲಿ ಈ ಮಾತು ಕೇಳಿಬರುತ್ತಲೇ ಇದೆ: ಗ್ರೀಕರ ಮಿನೋಸ್ ಎಂದರೆ ನಮ್ಮ ಮನುವೇ ಎಂದು. ಚಪ್ಪಾಳೆಯೂ ಬೀಳುತ್ತದೆ.

ಕಿವಿಗೆ ಒಂದೇ ತರಹ ಕೇಳಿಸುವುದು ಬೇರೆ, ನಂಟಸ್ತಿಕೆ ಬೇರೆ. ಮದ್ರಾಸಿನ ಕಡೆಯ ನಮ್ಮ ಓದುಗರು ದಿನವೂ 'ಪಾಲ್', 'ಪುಲಿ', 'ಪಲ್' ಎಂಬ ಮಾತು ಕೇಳುತ್ತಾರೆ. ನಾವು ಹಾಲು, ಹುಲಿ, ಹಲ್ಲು ಎನ್ನುತ್ತೇವೆ. ಒಂದು ಪದದಲ್ಲಲ್ಲ, ಪದದ ಮೇಲೆ ಪದದಲ್ಲಿ ಅದೇ ಪಕಾರ ಹಕಾರವಾಗಿದೆ. ಹಳಗನ್ನಡದಲ್ಲಿ ಪಕಾರವೇ ಇದ್ದುದಕ್ಕೆ ಸಾಕ್ಷಿಯೂ ಇದೆ. ಇದು ರಕ್ತಸಂಬಂಧ. ಸಂಸ್ಕೃತದ ಹ್ರಸ್ವ ಅಕಾರ ಗ್ರೀಕಿನಲ್ಲಿ ದೀರ್ಘ ಈಕಾರವಾಗುವ ಇಂಥ ನಿಯಮವಿಲ್ಲ. ಮೇಲಾಗಿ ಮಿನೋಸ್ ಎಂಬುದು ಗ್ರೀಕರು ಬರುವ ಮೊದಲೇ ಆ ದ್ವೀಪದಲ್ಲಿದ್ದ ಜನರ ಹೆಸರೆಂದು ವಿದ್ವಾಂಸರ ಅಭಿಮತ. 1900ರಲ್ಲಿ ಕ್ರೀಟಿನ ಕ್ನೋಸಸ್ಸಿನಲ್ಲಿ ಆರ್ಥರ್ ಇವಾನ್ಸ್ ಅಗೆದಾಗ ಎರಡು ಬಗೆಯ ಲಿಪಿಗಳು ಸಿಕ್ಕವು. ಒಂದನ್ನು 1952ರಲ್ಲಿ ಮೈಕೆಲ್ ವೆಂಟ್ರಿಸ್ ಬಿಡಿಸಿದರು. ಅದು ಗ್ರೀಕ್ ಭಾಷೆಯದು. ಅದಕ್ಕಿಂತ ಹಳೆಯದಾದ ಇನ್ನೊಂದನ್ನು, ಮಿನೋಸನ ನಾಡಿನವರದ್ದನ್ನು, ಇಂದಿಗೂ ಯಾರೂ ಓದಿಲ್ಲ. ಓದಲಾಗದ ಭಾಷೆಯ ಹೆಸರಿಗೆ ನಾವು ಅರ್ಥ ಹಚ್ಚುವುದು ಹೇಗೆ?

ಹಾಗಾದರೆ ಮನುವಿಗೆ ಹೊರಗೆ ಬಂಧುಗಳೇ ಇಲ್ಲವೇ? ಇದ್ದಾರೆ. ಯೋಚಿಸುವುದು ಎಂಬರ್ಥದ 'ಮನ್' ಧಾತುವಿನಿಂದ ಮನಸ್ಸು ಬಂದಿದೆ, ಮನುವೂ ಅದರಿಂದಲೇ ಬಂದನೆಂದು ಹೇಳುವುದುಂಟು. ಜರ್ಮನ್ ಜನ ತಮ್ಮ ಮೂಲಪುರುಷನನ್ನು 'ಮನ್ನುಸ್' ಎನ್ನುತ್ತಿದ್ದರೆಂದು ರೋಮಿನ ಟ್ಯಾಸಿಟಸ್ ಕ್ರಿ.ಶ. 98ರಲ್ಲಿ ಬರೆದಿದ್ದಾನೆ. ಇಂಗ್ಲಿಷಿನ 'ಮ್ಯಾನ್' ಇದೇ ಕುಲದ್ದು. ಇನ್ನೊಬ್ಬ ಬಂಧು ಮುಂಬಯಿಯವರಿಗೆ ತೀರ ಹತ್ತಿರದವನು. ಪಾರ್ಸಿಗಳಲ್ಲಿ ಮಿನೋಚೆರ್ ಎಂಬ ಹೆಸರುಂಟು. ಸ್ವತಂತ್ರ ಪಕ್ಷದ ನಾಯಕರಾಗಿದ್ದ ಮಿನೂ ಮಸಾನಿಯವರ ಪೂರ್ಣ ಹೆಸರು ಅದೇ. ಇದು ಫಿರ್ದೌಸಿಯ ಶಾಹನಾಮೆಯ ಅರಸ ಮನುಚೆಹ್ರನ ಹೆಸರು. ಅದರ ಅವೆಸ್ತಾ ರೂಪಕ್ಕೆ 'ಮನುವಿನ ವಂಶದವನು' ಎಂದೇ ಅರ್ಥ. ಕಲ್ಕತ್ತೆಯಲ್ಲಿ ಕುಳಿತ ಜೋನ್ಸರು ಕ್ರೀಟಿನಲ್ಲಿ ಹುಡುಕಿದ ಮನುವಿನ ನಂಟರು ಬೊಂಬಾಯಿಯ ಕೋಟೆಯೊಳಗೆ ವ್ಯಾಪಾರ ಮಾಡಿಕೊಂಡಿದ್ದರು! ಮುಂದೆ ಪಾರಸಿ ಭಾಷೆಯಲ್ಲಿ 'ಮೀನೂ' ಎಂದರೆ ಸ್ವರ್ಗವೆಂಬ ಅರ್ಥವಿರುವುದರಿಂದ ಅದೇ ಹೆಸರನ್ನು ಸ್ವರ್ಗದಂತಹ ಮುಖದವನು ಎಂದೂ ಬಿಡಿಸಿಕೊಂಡರು. ಈ 'ಮೀನೂ' ಪದವೂ 'ಮನ್' ಧಾತುವಿನ ಕುಡಿಯೇ.

ನಮ್ಮ ಮನೆಗಳಲ್ಲಿ ಮೀನಾಕ್ಷಿಯನ್ನು ಕರೆಯುವ 'ಮೀನು'ವಿನ ಗೋತ್ರವೇ ಬೇರೆ. ಅದು ನೀರಿನ ಮೀನು. ಸಂಸ್ಕೃತದ ಮೀನ ಶಬ್ದವೇ ದ್ರಾವಿಡ ಭಾಷೆಗಳಿಂದ ಹೋದದ್ದೆಂದು ಬಹುತೇಕ ಭಾಷಾವಿಜ್ಞಾನಿಗಳು ಒಪ್ಪುತ್ತಾರೆ. ಒಂದೇ ಕಟ್ಟಡದಲ್ಲಿ ಕನ್ನಡದ ಮೀನು, ಪಾರ್ಸಿಗಳ ಮಿನೂ ಇಬ್ಬರೂ ಇದ್ದು, ಕೂಗಿದಾಗ ಇಬ್ಬರೂ ತಿರುಗಿ ನೋಡಬಹುದು. ಹೆಸರಿನ ಸದ್ದಿನ ಮೇಲೆ ಊರು, ಜಾತಿ, ಭಾಷೆಗಳನ್ನು ಥಟ್ಟನೆ ನಿರ್ಧರಿಸುವ ನೆರೆಹೊರೆಯಲ್ಲಿ ಮಕ್ಕಳನ್ನು ಬೆಳೆಸುವ ನಮಗೆ ಇದು ತಿಳಿದಿದ್ದರೆ ಒಳ್ಳೆಯದು. ಎಲ್ಲರ ಹಿರಿಯರನ್ನೂ ನಮ್ಮವರೆಂದು ಸಾಧಿಸಹೊರಟರೆ, ನಮ್ಮ ಭಾಷೆ ಸಂಸ್ಕೃತಕ್ಕೆ ಕೊಟ್ಟ ಇಂಥ ಪುಟ್ಟ ಮೀನು ಕಣ್ಣಿಗೆ ಬೀಳುವುದೇ ಇಲ್ಲ.

ಚಿಟ್ಟೆಯ ಮಾತು ಇನ್ನೊಂದಿಷ್ಟು ಉಳಿದಿದೆ. ಗ್ರೀಕರ ಪಾತಾಳದಲ್ಲಿ ನ್ಯಾಯಾಧೀಶರು ಮೂವರು: ಮಿನೋಸ್, ಈಯಕಸ್, ರಾಡಮಾಂತಸ್. ಮೂವರ ಹೆಸರೂ ಬರ್ಡ್‌ವಿಂಗ್ ಚಿಟ್ಟೆಗಳಿಗೆ ಸಂದಿವೆ. ರಾಡಮಾಂತಸ್ ಫಿಲಿಪೀನ್ಸಿನಲ್ಲಿದ್ದಾನೆ, ಈಯಕಸ್ ಹಿಮಾಲಯದಲ್ಲಿದ್ದಾನೆ. 1932ರಲ್ಲಿ ಬ್ರಿಗೇಡಿಯರ್ ಇವಾನ್ಸ್ ದಾಖಲಿಸಿದ 190 ಮಿಲಿಮೀಟರಿನ ನಮ್ಮ ಮಿನೋಸ್ ಭಾರತದ ಅತಿ ದೊಡ್ಡ ಚಿಟ್ಟೆಯೆಂದು ಬಹುಕಾಲ ಮೆರೆಯಿತು. (ಕ್ರೀಟನ್ನು ಅಗೆದ ಇವಾನ್ಸರೇ ಬೇರೆ, ಈ ಇವಾನ್ಸರೇ ಬೇರೆ.) 2020ರಲ್ಲಿ ಉತ್ತರಾಖಂಡದ ಡೀಡೀಹಾಟಿನಲ್ಲಿ ಸಿಕ್ಕ ಹೆಣ್ಣು ಈಯಕಸ್ ಒಂದನ್ನು ಅಳೆದು ನೋಡಿದರು: 194 ಮಿಲಿಮೀಟರು.