ರಘು ದೀಕ್ಷಿತ್ ಪ್ರಾಜೆಕ್ಟ್

ಬೆಂಗಳೂರಿನ ಜನಪದ-ರಾಕ್ ವಾದ್ಯವೃಂದ. ಮುಖ್ಯ ಗಾಯಕ ರಘು ದೀಕ್ಷಿತ್ (ಜನನ 1974) ಬೆಳೆದದ್ದು ಮೈಸೂರಿನಲ್ಲಿ. ಕಲಿತದ್ದು ಭರತನಾಟ್ಯ ಮತ್ತು ಸೂಕ್ಷ್ಮಜೀವಿಶಾಸ್ತ್ರ. ಅವರ ಮೊದಲ ತಂಡ ‘ಅಂತರಾಗ್ನಿ’ ಚದುರಿದ ಮೇಲೆ ಇದು ರೂಪುಗೊಂಡಿತು. ಮೊದಲ ಆಲ್ಬಂ 2008ರಲ್ಲಿ ವಿಶಾಲ್–ಶೇಖರ್ ಜೋಡಿಯ ಸಂಸ್ಥೆಯಿಂದ ಹೊರಬಂತು.

ತಂಡಕ್ಕೆ ತನ್ನದೇ ದನಿ ಕೊಟ್ಟದ್ದು ಶಿಶುನಾಳ ಶರೀಫರ (1819–1889) ತತ್ವಪದಗಳು. ಶರೀಫರ ಊರು ಶಿಗ್ಗಾವಿ ತಾಲ್ಲೂಕಿನದು. ಗುರು ಗೋವಿಂದಭಟ್ಟರದು ಕುಂದಗೋಳ ತಾಲ್ಲೂಕಿನ ಕಳಸ. ಕಲಘಟಗಿಯ ದೇವಿಕೊಪ್ಪದವರೆಗೂ ಹಬ್ಬಿದ ಈ ಸೀಮೆಯಲ್ಲಿ ಶರೀಫರ ಪದವೆಂದರೆ ಏಕತಾರಿ, ತಾಳ, ದಮ್ಮಡಿಯೊಂದಿಗೆ ರಾತ್ರಿಯಿಡೀ ನಡೆಯುವ ಭಜನೆಯ ಸೊತ್ತು. ಮನೆಯ ಮಾಳಿಗೆ ಸೋರುತ್ತಿದೆ ಎನ್ನುವ ಅವರ ಪದವನ್ನು ಇಲ್ಲಿ ಯಾರಿಗೂ ಬಿಡಿಸಿ ಹೇಳಬೇಕಿಲ್ಲ. ನವಲಗುಂದ, ಅಣ್ಣಿಗೇರಿ ಕಡೆಯ ಮಣ್ಣಿನ ಮಾಳಿಗೆ ಮಳೆಗಾಲಕ್ಕೆ ಮುಂಚೆ ಮಣ್ಣು ಹಾಕಿ ಗಟ್ಟಿಮಾಡದಿದ್ದರೆ ಸೋರಿಯೇ ಸೋರುತ್ತದೆ. ಮೈಮರೆತ ಮನಸ್ಸಿನ ಗತಿಯನ್ನು ಶರೀಫರು ಆ ಮಾಳಿಗೆಯಲ್ಲೇ ಕಂಡರು. ಈ ಪದಗಳನ್ನು ಭಾವಗೀತೆಯ ಕೇಳುಗರಿಗೆ ಮುಟ್ಟಿಸಿದವರು ಸಿ. ಅಶ್ವಥ್ ಮತ್ತು ಶಿವಮೊಗ್ಗ ಸುಬ್ಬಣ್ಣ, ಟಿ.ಎಸ್. ನಾಗಾಭರಣರ ‘ಸಂತ ಶಿಶುನಾಳ ಶರೀಫ’ (1990) ಚಿತ್ರ ಅವನ್ನು ಮನೆಮಾತಾಗಿಸಿತು. ರಘು ಅವಕ್ಕೆ ಗಿಟಾರು, ಡ್ರಮ್ಸು, ಪಿಟೀಲು ಕೂಡಿಸಿ ಹೊಸ ಧಾಟಿ ಕಟ್ಟಿದರು. ಭಜನೆಯ ನಿಧಾನ ಇಲ್ಲಿ ಕಳೆದುಹೋಗಿದೆ, ನಿಜ. ಆದರೆ ಒಬ್ಬ ಹೇಳಿ ಎಲ್ಲರೂ ಎತ್ತಿಕೊಳ್ಳುವ ಗುಣ ಉಳಿದಿದೆ. ಪದದ ಜೀವ ಇರುವುದೇ ಅದರಲ್ಲಿ.

1965ರಲ್ಲಿ ಲಿವರ್‌ಪೂಲಿನ ಬೀಟಲ್ಸ್ ತಂಡದ ಜಾರ್ಜ್ ಹ್ಯಾರಿಸನ್ ಸಿತಾರ್ ಹಿಡಿದಾಗ ಬ್ರಿಟನ್ನಿನ ಪಾಪ್ ಸಂಗೀತ ಭಾರತದ ನಾದಕ್ಕೆ ಕಿವಿಗೊಟ್ಟಿತ್ತು. ರಘು ತಂಡ ಅಲ್ಲಿಗೆ ಒಯ್ದದ್ದು ಮಾತನ್ನೂ ಸೇರಿಸಿ: ಅನುವಾದಿಸದ ಕನ್ನಡ. 2010ರಲ್ಲಿ ಬಿಬಿಸಿಯಲ್ಲಿ ಜೂಲ್ಸ್ ಹಾಲೆಂಡ್ ನಡೆಸುವ ಕಾರ್ಯಕ್ರಮ, 2011ರಲ್ಲಿ ಗ್ಲಾಸ್ಟನ್‌ಬರಿ ಉತ್ಸವ. ಅದೇ ವರ್ಷ ‘ಸಾಂಗ್‌ಲೈನ್ಸ್’ ಪತ್ರಿಕೆ ಹೊಸ ಪ್ರತಿಭೆಗೆ ಮೀಸಲಾದ ಪ್ರಶಸ್ತಿ ನೀಡಿತು. ಬಣ್ಣದ ಲುಂಗಿ, ಕಾಲಿಗೆ ಗೆಜ್ಜೆ ತಂಡದ ಗುರುತಾದವು.

ಎರಡನೆಯ ಆಲ್ಬಂ ‘ಜಗ್ ಚಂಗಾ’ (2013). ಅದರಲ್ಲೂ ಶರೀಫರ ಪದಗಳಿವೆ. ಕಾಲೇಜು ಉತ್ಸವಗಳಲ್ಲಿ ಇಂಗ್ಲಿಷ್ ಹಾಡುಗಳಿಗಷ್ಟೇ ಕುಣಿಯುತ್ತಿದ್ದ ನಗರದ ಹುಡುಗ ಹುಡುಗಿಯರು ತತ್ವಪದಕ್ಕೆ ದನಿಗೂಡಿಸುವಂತಾದದ್ದರಲ್ಲಿ ಈ ತಂಡದ ಪಾಲು ದೊಡ್ಡದು.