ರಾಧಾರಮಣದ ರಾಜಮ್ಮ

ಪೀಣ್ಯದ ಕಾರ್ಖಾನೆಗಳ ಸಾಲಿಗೆ ಸಮೀಪದಲ್ಲಿ, ನಂದಿನಿ ಬಡಾವಣೆಯ ಬಳಿ ಇರುವ ಕಂಠೀರವ ಸ್ಟುಡಿಯೋ ಸ್ಥಾಪನೆಯಾದದ್ದು 1966ರಲ್ಲಿ. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ' ತೆರೆ ಕಂಡದ್ದು 1934ರಲ್ಲಿ. ನಡುವಣ ಮೂರು ದಶಕಗಳ ಕಾಲ, ಮೈಸೂರಿನಲ್ಲಿ ಒಂದೆರಡು ಸ್ಟುಡಿಯೋಗಳು ತಲೆಯೆತ್ತಿದ್ದು ಹೊರತು, ಕನ್ನಡ ಚಿತ್ರ ಪರರ ಮನೆಯ ಜಗಲಿಯಲ್ಲೇ ಬೆಳೆಯಿತೆನ್ನಬೇಕು. 'ಸತಿ ಸುಲೋಚನ'ಕ್ಕೆ ಆಶ್ರಯವಿತ್ತದ್ದು ಕೊಲ್ಲಾಪುರ. ಅನಂತರದ ಆಶ್ರಯ ಮುಖ್ಯವಾಗಿ ಮದರಾಸು. ಇಂದು ನಾನು ಹೇಳಹೊರಟಿರುವ ಎಂ. ವಿ. ರಾಜಮ್ಮನವರು ಆ ಜಗಲಿಯ ಕಾಲದವರು.

ಇಂದಿನ ಬೆಂಗಳೂರು ಗ್ರಾಮಾಂತರ ಜಿಲ್ಲೆಗೆ ಸೇರಿದ ಅಗಂಡನಹಳ್ಳಿಯಲ್ಲಿ 1921ರಲ್ಲಿ ಹುಟ್ಟಿದ ಈಕೆ ಹದಿಹರೆಯದಲ್ಲೇ ಬಣ್ಣ ಹಚ್ಚಿದವರು. ಮಹಮದ್ ಪೀರ್ ಅವರ ಚಂದ್ರಕಲಾ ನಾಟಕ ಮಂಡಳಿಗೆ ಹೆಸರು ತಂದ 'ಸಂಸಾರ ನೌಕ' ನಾಟಕವನ್ನು ಎಚ್. ಎಲ್. ಎನ್. ಸಿಂಹ ಅವರು 1936ರಲ್ಲಿ ಚಿತ್ರವಾಗಿಸಿದರು. ಅಲ್ಲಿಯವರೆಗೆ ತೆರೆಯ ಮೇಲೆ ಇಂದ್ರಜಿತು, ಧ್ರುವರನ್ನೇ ಕಂಡಿದ್ದ ಪ್ರೇಕ್ಷಕರು ಮೊದಲ ಬಾರಿಗೆ ತಮ್ಮಂಥದೇ ಒಂದು ಮನೆಯ ಜಗಳ, ಬಡತನ, ಅವಮಾನಗಳನ್ನು ಕಂಡರು. ನಾಯಕ ಬಿ. ಆರ್. ಪಂತುಲು, ಅವನನ್ನು ಕೈಹಿಡಿದ ತಪ್ಪಿಗೆ ಸಂಕಟಕ್ಕೆ ಸಿಲುಕುವ ಬಡ ಹುಡುಗಿ ಸರಳೆಯಾಗಿ ರಾಜಮ್ಮ. ಪೌರಾಣಿಕ ಪಾತ್ರಕ್ಕೆ ಕಿರೀಟ, ಆಭರಣಗಳ ಬೆಂಬಲ ಉಂಟು. ಸರಳೆಗೆ ಅಂಥ ಯಾವ ಆಸರೆಯೂ ಇರಲಿಲ್ಲ.

ಚಿತ್ರವೇನೋ ಗೆದ್ದಿತು. ಆದರೆ ಆ ದಶಕದ ಕೊನೆಗೆ ಕನ್ನಡ ಚಿತ್ರಗಳ ತಯಾರಿಕೆ ನಿಂತೇಹೋಯಿತೆನ್ನುವಷ್ಟು ಕ್ಷೀಣಿಸಿತು. ಗೆದ್ದ ನಟಿಗೆ ತನ್ನ ನುಡಿಯಲ್ಲಿ ಕೆಲಸವಿಲ್ಲ! ರಾಜಮ್ಮನವರು ತಮಿಳನ್ನು ತಮ್ಮದಾಗಿಸಿಕೊಂಡರು. ಸೇಲಂನ ಮಾಡರ್ನ್ ಥಿಯೇಟರ್ಸಿನ 'ಉತ್ತಮ ಪುತ್ತಿರನ್' (1940) ಚಿತ್ರದಲ್ಲಿ ಪಿ. ಯು. ಚಿನ್ನಪ್ಪ ಅವರು ದ್ವಿಪಾತ್ರದಲ್ಲಿ ಮೆರೆದಾಗ ನಾಯಕಿ ಈಕೆಯೇ. ಮರುವರ್ಷ ಟಿ. ಕೆ. ಎಸ್. ಸೋದರರ ನಾಟಕವನ್ನು ಆಧರಿಸಿದ 'ಗುಮಾಸ್ತಾವಿನ್ ಪೆಣ್'. ತಮಿಳು ಚಿತ್ರರಂಗದ ಚರಿತ್ರೆಯಲ್ಲಿ ಈ ಎರಡಕ್ಕೂ ಸ್ಥಾನವುಂಟು. ನಮ್ಮವರು ಮಾತ್ರ ಅತ್ತ ತಿರುಗಿ ನೋಡಿದ್ದು ಕಡಮೆ. ಗಡಿಯಾಚೆ ಸಂದ ಹೆಣ್ಣುಮಕ್ಕಳನ್ನು ತವರಿನವರು ಮರೆಯುವುದೇನೂ ಹೊಸತಲ್ಲ.

ಈಗ 1943ಕ್ಕೆ ಬರುತ್ತೇನೆ. ನನ್ನ ಮಾತಿನ ತಿರುಳಿರುವುದು ಇಲ್ಲಿಯೇ. ಎರಡನೆಯ ಮಹಾಯುದ್ಧ ನಡೆದಿತ್ತು. ಕಚ್ಚಾ ಫಿಲಂ ಪೂರ್ತಿಯಾಗಿ ಹೊರದೇಶದಿಂದ ಹಡಗಿನಲ್ಲಿ ಬರಬೇಕು. ಸರ್ಕಾರ 1942ರಲ್ಲೇ ಚಿತ್ರವೊಂದರ ಉದ್ದವನ್ನು 11,000 ಅಡಿಗೆ ಮಿತಗೊಳಿಸಿತ್ತು. 1943ರಲ್ಲಿ ಫಿಲಂ ಹಂಚಿಕೆಗೆ ಪರವಾನಗಿಯ ಕಟ್ಟನ್ನೂ ತಂದಿತು. ಅನುಭವಸ್ಥ ಬಂಡವಾಳಗಾರರೇ ಕೈಮುದುಡಿ ಕುಳಿತಿದ್ದ ಕಾಲ. ಕನ್ನಡ ಚಿತ್ರದ ಮಾರುಕಟ್ಟೆಯಾದರೋ ಮೈಸೂರು ಸಂಸ್ಥಾನ, ಬೊಂಬಾಯಿ ಕರ್ನಾಟಕ, ಹೈದರಾಬಾದು, ಮದರಾಸು ಎಂದು ಹರಿದು ಹಂಚಿಹೋಗಿತ್ತು. ಅಂಥ ವರ್ಷದಲ್ಲಿ ಇಪ್ಪತ್ತೆರಡರ ಆಸುಪಾಸಿನ ಈ ನಟಿ ನಿರ್ಮಾಪಕಿಯಾಗಿ 'ರಾಧಾರಮಣ'ವನ್ನು ಹೊರತಂದರು; ಕನ್ನಡದ ಮೊದಲ ಮಹಿಳಾ ನಿರ್ಮಾಪಕಿ ಎನಿಸಿದರು. ತಮಿಳಿನಲ್ಲಿ ನಾಯಕಿಯಾಗಿ ನೆಲೆ ಕಂಡುಕೊಂಡಿದ್ದವರು, ನಷ್ಟದ ಭೀತಿಯೇ ಹೆಚ್ಚಿದ್ದ ತಮ್ಮ ನುಡಿಗೆ ಮರಳಿ ಬಂದು ಹೊಣೆ ಹೊತ್ತರು. ಇದನ್ನು ಸಾಹಸವೆನ್ನದೆ ಮತ್ತೇನೆನ್ನೋಣ? 'ಮೊದಲ ಮಹಿಳೆ' ಎಂಬ ಬಿರುದಿನ ಹಿಂದೆ ಇಷ್ಟು ಲೆಕ್ಕಾಚಾರವಿತ್ತೆಂಬುದನ್ನು ನಮ್ಮ ಚಿತ್ರಚರಿತ್ರೆಗಳು ಸಾಮಾನ್ಯವಾಗಿ ಹೇಳುವುದಿಲ್ಲ.

ಆ ಚಿತ್ರದಲ್ಲಿ ಮೊದಲಿಗೆ ತೆರೆಯ ಮೇಲೆ ಕಾಣಿಸಿಕೊಂಡ ಇಬ್ಬರ ಹೆಸರನ್ನು ಹೇಳಲೇಬೇಕು. ಒಬ್ಬರು ಜಿ. ವಿ. ಅಯ್ಯರ್, ಮುಂದೆ 1983ರಲ್ಲಿ ಸಂಸ್ಕೃತದ ಮೊದಲ ಚಲನಚಿತ್ರ 'ಆದಿ ಶಂಕರಾಚಾರ್ಯ'ವನ್ನು ತೆಗೆದವರು. ಇನ್ನೊಬ್ಬರು ಟಿ. ಎನ್. ಬಾಲಕೃಷ್ಣ, ಕಿವಿ ಮಂದವಿದ್ದರೂ ಎದುರು ಪಾತ್ರಧಾರಿಯ ತುಟಿಯನ್ನು ನೋಡಿಯೇ ಮಾತಿಗೆ ಮಾತು ಕೂಡಿಸುತ್ತಿದ್ದ ಮಹಾನಟ. ಕೆಂಗೇರಿಯ ಬಳಿ ಅಭಿಮಾನ್ ಸ್ಟುಡಿಯೋ ಕಟ್ಟಿದವರು ಇವರೇ. ಬೆಂಗಳೂರಿನ ಅಂಚಿನಲ್ಲಿ ಕನ್ನಡ ಚಿತ್ರಕ್ಕೊಂದು ಮನೆ ಬೇಕೆಂದು ಹಟ ಹಿಡಿದ ವ್ಯಕ್ತಿಗೆ ಮೊದಲ ಅವಕಾಶ ದೊರೆತದ್ದು ರಾಜಮ್ಮನವರ ಚಿತ್ರದಲ್ಲಿ.

ಮುಂದಿನದು ತಾಯಂದಿರ ಪಾತ್ರಗಳ ಕಾಲ. 1936ರಲ್ಲಿ ಪಂತುಲು ಅವರಿಗೆ ನಾಯಕಿಯಾಗಿದ್ದವರು 1958ರ 'ಸ್ಕೂಲ್ ಮಾಸ್ಟರ್' ಚಿತ್ರದಲ್ಲಿ ಅವರ ವೃದ್ಧ ಪತ್ನಿ. ಮಕ್ಕಳ ಮನೆಗಳಲ್ಲಿ ಹಂಚಿಹೋಗುವ ಆ ದಂಪತಿಗಳನ್ನು ನೋಡಿ, ಮೇಷ್ಟರ ವೃತ್ತಿಯಲ್ಲೇ ಆಯುಸ್ಸು ಕಳೆದ ನನ್ನಂಥವನ ಕೊರಳು ಬಿಗಿದರೆ ಆಶ್ಚರ್ಯವೇನು? ಆಗ ಆಕೆಗೆ ಇನ್ನೂ ಮೂವತ್ತೇಳು. 'ಕಿತ್ತೂರು ಚೆನ್ನಮ್ಮ'ದಲ್ಲಿ (1961) ಹಿರಿಯ ರಾಣಿ. 1964ರ ತಮಿಳು 'ಕರ್ಣನ್' ಚಿತ್ರದಲ್ಲಿ ಕುಂತಿ. ಮಗ ಕರ್ಣನಾಗಿ ನಟಿಸಿದ ಶಿವಾಜಿ ಗಣೇಶನ್ ಅವರು ಈ ತಾಯಿಗಿಂತ ಬರೀ ಏಳು ವರ್ಷ ಕಿರಿಯರು! ನಟರಿಗೆ ಐವತ್ತಾದರೂ ನಾಯಕನ ಪಟ್ಟ ತಪ್ಪದು. ನಟಿಯ ಕೂದಲಿಗೆ ಬಿಳಿಬಣ್ಣ ಬಳಿಯುವ ಅವಸರ ಮಾತ್ರ ಚಿತ್ರರಂಗಕ್ಕೆ ಎಂದಿನದು.

ರಾಜಮ್ಮನವರು ತೀರಿಕೊಂಡದ್ದು 1999ರಲ್ಲಿ. 'ಕರ್ಣನ್' 2012ರಲ್ಲಿ ಹೊಸ ತಂತ್ರದಿಂದ ಶುದ್ಧಗೊಂಡು ತಮಿಳುನಾಡಿನ ಚಿತ್ರಮಂದಿರಗಳಿಗೆ ಮರಳಿತು. ಬಾಣ ತಗಲಿ ಬಿದ್ದ ಮಗನ ತಲೆಯನ್ನು ತೊಡೆಯ ಮೇಲಿರಿಸಿಕೊಂಡು ಅಳುವ ಕುಂತಿಯನ್ನು ನೋಡಲು ಜನ ಮತ್ತೆ ಸಾಲುಗಟ್ಟಿದರು.