ಪೋಷಕ ನಟನ ಬೆನ್ನಿಗಿರುವ ರಂಗಭೂಮಿ

ಕನ್ನಡ ಚಿತ್ರರಂಗದ ಚರಿತ್ರೆಯನ್ನು ನಾಯಕ ನಟರ ಹೆಸರಿನಲ್ಲಿ ಬರೆಯುವುದೇ ರೂಢಿ. ಪೋಷಕ ನಟರನ್ನು ಮುಂದಿಟ್ಟು ಓದಿದರೆ ಬೇರೊಂದು ಸತ್ಯ ಕಾಣುತ್ತದೆ: ರಂಗಭೂಮಿ ಗಟ್ಟಿಯಾಗಿದ್ದಾಗಲೆಲ್ಲ ಈ ವರ್ಗ ಬೆಳೆದಿದೆ. 1934ರ ‘ಸತಿ ಸುಲೋಚನ’ದಿಂದ 1954ರ ‘ಬೇಡರ ಕಣ್ಣಪ್ಪ’ದವರೆಗೆ ತೆರೆಗೆ ನಟರನ್ನು ಕೊಟ್ಟದ್ದು ಮುಖ್ಯವಾಗಿ ಕಂಪನಿ ನಾಟಕ. ಹಾಗೆ ಬಂದ ಟಿ.ಎನ್. ಬಾಲಕೃಷ್ಣ ಅವರಿಗೆ ಕಿವಿ ಸರಿಯಾಗಿ ಕೇಳುತ್ತಿರಲಿಲ್ಲ. ಆದರೂ ಎದುರಿನವರ ಮಾತಿಗೆ ತಕ್ಕ ಗಳಿಗೆಯಲ್ಲೇ ಉತ್ತರ ಬರುತ್ತಿತ್ತು. ದಿನವೂ ಪ್ರೇಕ್ಷಕರ ಮುಂದೆ ನಿಂತು ಪಳಗಿದವರಿಗೆ ದಕ್ಕುವ ಸಮಯಪ್ರಜ್ಞೆ ಅದು.

ಈ ನಟರು ಒಂದೇ ಅಚ್ಚಿನ ಪಾತ್ರಗಳಲ್ಲಿ ಸವೆದರು ಎಂಬ ಆಕ್ಷೇಪವುಂಟು. ಕೆ.ಎಸ್. ಅಶ್ವತ್ಥ್ ಎಂದರೆ ತಂದೆ, ವಜ್ರಮುನಿ ಎಂದರೆ ಖಳ ಎಂಬಷ್ಟರ ಮಟ್ಟಿಗೆ ಆ ಮಾತು ನಿಜ. ಆದರೆ ಅಚ್ಚು ನಿರ್ಮಾಪಕರದು, ಅದರೊಳಗಿನ ಜೀವ ನಟರದು. 1972ರ ‘ನಾಗರಹಾವು’ ಚಿತ್ರದ ಚಾಮಯ್ಯ ಮೇಷ್ಟ್ರನ್ನೇ ನೋಡಿ. ನಾಯಕ ರಾಮಾಚಾರಿಯನ್ನು ಮನಸಾರೆ ಪ್ರೀತಿಸುವ ಏಕೈಕ ಗುರು ಅವರು. ಪ್ರೇಯಸಿ ಅಲಮೇಲುವನ್ನು ಬಿಟ್ಟುಬಿಡೆಂದು ಅವನ ಮನವೊಲಿಸುವವರೂ ಅವರೇ. ಅಶ್ವತ್ಥ್ ಆ ಮಾತನ್ನು ಆಜ್ಞೆಯಂತೆ ಆಡುವುದಿಲ್ಲ, ಮಗನನ್ನು ಕೇಳಿಕೊಳ್ಳುವಂತೆ ಆಡುತ್ತಾರೆ. ಗದರಿದ್ದರೆ ರಾಮಾಚಾರಿ ಸಿಡಿದೇಳುತ್ತಿದ್ದ, ಕೇಳಿಕೊಂಡದ್ದಕ್ಕೇ ಸೋತ. ದುರಂತ ಹುಟ್ಟುವುದು ಆ ಮಮತೆಯಿಂದಲೇ. ಪೋಷಕ ಪಾತ್ರ ಇಲ್ಲಿ ಕಥೆಗೆ ಊರುಗೋಲಲ್ಲ, ಕಥೆಯ ತಿರುವೇ ಅದರ ಕೈಯಲ್ಲಿದೆ. ‘ಪ್ರಚಂಡ ರಾವಣ’ ನಾಟಕದಿಂದ ಬಂದ ವಜ್ರಮುನಿಯವರ ಕಂಠಕ್ಕೂ ಇಂಥದೇ ರಂಗದ ಬೆಂಬಲವಿತ್ತು.

ಕಂಪನಿಗಳು ಕುಂದಿದಾಗ ಹವ್ಯಾಸಿ ರಂಗಭೂಮಿ ಆ ಹೊಣೆ ಹೊತ್ತಿತು. ‘ತುಘಲಕ್’ ಆಡಿದ ಸಿ.ಆರ್. ಸಿಂಹ, ನಾಟಕದ ಹೆಸರನ್ನೇ ತಮ್ಮ ಹೆಸರಿಗೆ ಸೇರಿಸಿಕೊಂಡ ಮುಖ್ಯಮಂತ್ರಿ ಚಂದ್ರು, ‘ಒಂದಾನೊಂದು ಕಾಲದಲ್ಲಿ’ ಚಿತ್ರದ ಸುಂದರಕೃಷ್ಣ ಅರಸ್ ಬಂದದ್ದು ಈ ದಾರಿಯಲ್ಲಿ. 1949ರಲ್ಲಿ ಹೆಗ್ಗೋಡಿನಲ್ಲಿ ಹುಟ್ಟಿದ ನೀನಾಸಮ್ ರಂಗಸಂಸ್ಥೆಯ ಫಲವನ್ನು ಅಚ್ಯುತ್ ಕುಮಾರ್ ಅವರಲ್ಲಿ ಕಾಣಬಹುದು. 2022ರ ‘ಕಾಂತಾರ’ದಲ್ಲಿ ಅವರ ಧಣಿ ಬಹುಹೊತ್ತು ಊರಿನ ಹಿತೈಷಿಯಾಗಿಯೇ ಕಾಣುತ್ತಾನೆ, ಅಚ್ಯುತ್ ದನಿ ಏರಿಸದೆಯೇ ಅವನ ಒಳಗಿನ ಕ್ರೌರ್ಯವನ್ನು ಕಾಪಿಟ್ಟುಕೊಳ್ಳುತ್ತಾರೆ.

ಪ್ರತಿಭೆ ಇದ್ದರೆ ಸಾಕು, ರಂಗದ ಹಂಗೇಕೆ ಎನ್ನುವವರಿದ್ದಾರೆ. ನಾಯಕನಿಗೆ ಹಾಡು, ಹೊಡೆದಾಟ, ಕ್ಯಾಮೆರಾ ಎಲ್ಲವೂ ನೆರವಾಗುತ್ತವೆ. ಪೋಷಕ ನಟನಿಗೆ ಸಿಗುವುದು ನಾಲ್ಕಾರು ದೃಶ್ಯ. ಅಷ್ಟರಲ್ಲೇ ಒಂದು ಬಾಳು ಕಾಣಿಸಬೇಕು. ಆ ಕಸುಬು ಅಭ್ಯಾಸವಿಲ್ಲದೆ ಕೈಗೆ ಹತ್ತದು. ಬೆಂಗಳೂರಿನ ಮಲ್ಲತ್ತಹಳ್ಳಿಯ ಕಲಾಗ್ರಾಮದಲ್ಲಿ ಇಂದಿಗೂ ನಾಟಕದ ತಾಲೀಮು ನಡೆಯುತ್ತದೆ. ಹಾಗಾಗಿ ನಟರ ಕೊರತೆ ಎಂಬ ದೂರಿಗೆ ಆಧಾರವಿಲ್ಲ. ಕೊರತೆ ಇರುವುದು ಬರವಣಿಗೆಯಲ್ಲಿ. ಚಾಮಯ್ಯನಂತೆ ತಾನೇ ತೀರ್ಮಾನ ಮಾಡುವ, ಆ ತೀರ್ಮಾನದ ಬೆಲೆ ತೆರುವ ಪಾತ್ರಗಳನ್ನು ನಮ್ಮ ಚಿತ್ರಕಥೆಗಾರರು ಮತ್ತೆ ಬರೆಯಬೇಕು.